ಇಪ್ಪತ್ನಾಲ್ಕು ಪಂಪು, ಮೂರು ಬಿಳಿ ಗೆರೆ

ಒಂದು ಡೀಸೆಲ್ ಪಂಪಿಗೆ ದಿನದ ಬಾಡಿಗೆ ತೊಂಬತ್ತು ದಿನಾರ್. ಡೀಸೆಲ್ಲು, ಪೈಪು, ಪಕ್ಕದಲ್ಲಿ ನಿಂತು ನೋಡಿಕೊಳ್ಳುವ ಆಳು, ಎಲ್ಲ ಅದರಲ್ಲೇ. ಅಂಥ ಪಂಪು ಇಪ್ಪತ್ನಾಲ್ಕು, ಹತ್ತೊಂಬತ್ತು ದಿನ. ಕೂಡಿಸಿದರೆ ನಲವತ್ತೊಂದು ಸಾವಿರದ ನಲವತ್ತು ದಿನಾರ್. ಬಿರುಗಾಳಿ ಮಳೆಯ ನೀರು ಹೊರಹಾಕಿದ್ದಕ್ಕೆ ಕಂಪನಿ ಸರ್ಕಾರಕ್ಕೆ ಕೊಟ್ಟ ಬಿಲ್ಲು ಇಷ್ಟು.

ಪಂಪುಗಳ ಫೋರ್‌ಮನ್ ಬಸವಂತನ ಸಂಬಳ ತಿಂಗಳಿಗೆ ನಾನೂರ ಅರವತ್ತು. ಕುವೈತಿನ ಫರ್ವಾನಿಯಾದ ಎರಡು ಕೋಣೆಯ ಮನೆಗೆ ನೂರ ತೊಂಬತ್ತು ಹೋಗುತ್ತಿತ್ತು, ಮಗಳ ಶಾಲೆಗೆ ನಲವತ್ತು, ಊರಿಗೆ ನೂರು. ಆ ಬಿಲ್ಲಿನಷ್ಟು ದುಡ್ಡು ಅವನು ಗಳಿಸಬೇಕೆಂದರೆ ಉಣ್ಣದೆ ಉಡದೆ ಏಳು ವರ್ಷ ಐದು ತಿಂಗಳು ದುಡಿಯಬೇಕು. ಈ ಲೆಕ್ಕ ಹಾಕಿದವಳು ಅವನ ಹೆಂಡತಿ ಸ್ವಪ್ನಾ, ಹಾಲಿನ ಪಾಕೀಟಿನ ಹಿಂಬದಿಯಲ್ಲಿ. ಹಾಕಿ ಮುಗಿಸಿ ಆಕೆ ಕೇಳಿದ್ದು ಒಂದೇ ಮಾತು: "ಅಲ್ರೀ, ಪಂಪ್ ಹೋಗಿದ್ದು ಹದಿನೈದು ಅಂದಿದ್ರಿ. ಉಳಿದ ಒಂಬತ್ತು ಎಲ್ಲಿಂದ ಹುಟ್ಟಿದ್ವು?"

ಬಸವಂತನ ತಲೆಯಲ್ಲೂ ಅದೇ ಹುಳ ಕೊರೆಯುತ್ತಿತ್ತು.

ನವೆಂಬರಿನಲ್ಲಿ ಸಮುದ್ರದ ಮೇಲೆದ್ದ ಬಿರುಗಾಳಿ ಒಂದು ಹಗಲು ಒಂದು ರಾತ್ರಿ ಕುವೈತಿನ ಮೇಲೆ ಸುರಿದುಹೋಗಿತ್ತು. ಮರಳುನಾಡಿನ ನೆಲ ನೀರು ಕುಡಿಯುತ್ತದೆ ಎಂದು ದೂರದವರು ತಿಳಿದಿರುತ್ತಾರೆ. ಕುಡಿಯುವುದಿಲ್ಲ. ಅಂಡರ್‌ಪಾಸುಗಳು ತುಂಬಿ ಕಾರುಗಳ ನೆತ್ತಿಯಷ್ಟೇ ಕಾಣುತ್ತಿತ್ತು. ಸುಲೈಬಿಯಾದ ಕಂಪನಿ ಅಂಗಳದಿಂದ ಬಸವಂತ ಒಂದೊಂದೇ ಪಂಪನ್ನು ಲಾರಿಯ ಹಿಂದೆ ಕಟ್ಟಿ ಕಳಿಸಿದ್ದ. ಹದಿನೈದು. ಅದರಲ್ಲಿ ಅವನಿಗೆ ಅನುಮಾನವೇ ಇರಲಿಲ್ಲ. ಯಾಕೆಂದರೆ ಪ್ರತಿಯೊಂದಕ್ಕೂ ಅವನೇ ಕೈಯಾರೆ ವಿಭೂತಿ ಹಚ್ಚಿದ್ದ.

ಜಮಖಂಡಿ ಕಡೆಯ ಮನುಷ್ಯ. ಅಮಾವಾಸ್ಯೆಗೆ ಟ್ರ್ಯಾಕ್ಟರಿಗೂ ಹಿಟ್ಟಿನ ಗಿರಣಿಗೂ ಪೂಜೆ ಮಾಡುವ ಮನೆಯಲ್ಲಿ ಬೆಳೆದವನು. ಕೆಲಸಕ್ಕೆ ಹೊರಡುವ ಯಂತ್ರದ ಹಣೆ ಖಾಲಿ ಇರಬಾರದು ಎಂಬುದು ಅವನ ಕಟ್ಟಳೆ. ಮೊದಮೊದಲು ನಿಜವಾದ ವಿಭೂತಿಯನ್ನೇ ಹಚ್ಚುತ್ತಿದ್ದ. ಎಣ್ಣೆ, ನೀರು, ಧೂಳಿಗೆ ಅದು ಅರ್ಧ ದಿನವೂ ನಿಲ್ಲುತ್ತಿರಲಿಲ್ಲ. ಆಮೇಲೆ ಬಿಳಿ ಪೇಂಟಿನ ಡಬ್ಬಿಗೆ ಒಂದು ಚಿಟಿಕೆ ವಿಭೂತಿ ಬೆರೆಸಿ, ಮೂರು ಬೆರಳು ಅದ್ದಿ, ನಂಬರ್ ತಗಡಿನ ಮೇಲುಗಡೆ ಎಳೆಯತೊಡಗಿದ. ಉಂಗುರದ ಬೆರಳಿನ ತುದಿ ಹಿಂದೆಂದೋ ಫ್ಯಾನ್ ಬೆಲ್ಟಿಗೆ ಸಿಕ್ಕಿ ಹೋಗಿತ್ತು. ಅದಕ್ಕೇ ಕೆಳಗಿನ ಗೆರೆ ಯಾವಾಗಲೂ ಗಿಡ್ಡ. ಅಂಗಳದಲ್ಲಿ ಯಾರಿಗೂ ಅದು ವಿಶೇಷವಾಗಿ ಕಂಡಿರಲಿಲ್ಲ. ಹದಿನಾರು ವರ್ಷದಿಂದ ನೋಡುತ್ತಿದ್ದರು.

ಫೆಬ್ರವರಿ ಶುರುವಾಗುತ್ತಲೇ ಸುದ್ದಿ ಬಂತು. ಬಿರುಗಾಳಿ ಪರಿಹಾರಕ್ಕೆ ಖರ್ಚಾದ ಒಂದೊಂದು ದಿನಾರನ್ನೂ ಸರ್ಕಾರದ ತಪಾಸಣೆಯವರು ನೋಡುತ್ತಾರಂತೆ. ಕಾಗದ ಮಾತ್ರವಲ್ಲ, ಯಂತ್ರವನ್ನೂ ಮುಟ್ಟಿ ನೋಡುತ್ತಾರಂತೆ. ಅದರ ಮಾರನೆಯ ದಿನವೇ ಮಿರ್ಕಾಬಿನಲ್ಲಿದ್ದ ಕಂಪನಿಯ ಆಫೀಸಿನಿಂದ ಬರ್ನಾರ್ಡ್ ಬಂದ. ಕಾಗದಪತ್ರ ನೋಡಿಕೊಳ್ಳುವ ಕ್ಲಾರ್ಕು, ಬೆಳ್ತಂಗಡಿ ಕಡೆಯ ಕ್ರಿಶ್ಚಿಯನ್ನರವನು, ಅರವತ್ತಕ್ಕೆ ಒಂದು ವರ್ಷ ಕಮ್ಮಿ. ಕೈಯಲ್ಲಿ ಇಪ್ಪತ್ನಾಲ್ಕು ಹಾಳೆ. ಪ್ರತಿ ಪಂಪು ದಿನಕ್ಕೆ ಎಷ್ಟು ಗಂಟೆ ಓಡಿತು ಎಂಬ ಹಾಳೆ. ಕೆಳಗೆ ಫೋರ್‌ಮನ್ ಸಹಿಗೆ ಖಾಲಿ ಜಾಗ.

"ಒಂದೊಂದಕ್ಕೂ ಸೈನ್ ಹಾಕಿ ಕೊಡಿ ಮಾರಾಯ್ರೆ. ಗುರುವಾರದೊಳಗೆ ಬೇಕು."

"ಹದಿನಾರರಿಂದ ಮುಂದಿನವು ನನ್ನ ಕೈಯಾಗಿಂದ ಹೋಗಿಲ್ಲಲ್ಲ ಬರ್ನಾರ್ಡ್ ಭಾಯಿ?"

"ಅದೆಲ್ಲ ನಂಗೆ ಎಂತ ಗೊತ್ತುಂಟು? ಮೇಲಿಂದ ಬಂದದ್ದು, ಕೆಳಗೆ ಕೊಟ್ಟೆ."

ಹೇಳಿ ಅವನು ಹೋಗಲಿಲ್ಲ. ಕನ್ನಡಕ ಮೂಗಿನ ತುದಿಗೆ ಇಳಿಸಿಕೊಂಡು ಅಂಗಳದಲ್ಲಿ ಸಾಲಾಗಿ ನಿಂತ ಪಂಪುಗಳ ಕಡೆ ನೋಡಿದ. ಆಮೇಲೆ ಕೇಳಿದ: "ಈ ಬಿಳಿ ಗೆರೆ ನೀವೇ ಎಳೆಯುವುದಾ?"

"ಹೌದ್ರಿ."

"ಎಲ್ಲದಕ್ಕೂ?"

"ಹಚ್ಚದ ಒಂದೂ ಗೇಟ್ ದಾಟಂಗಿಲ್ಲ."

"ಬೇರೆ ಯಾರೂ ಎಳೆಯುವುದಿಲ್ಲ?"

"ನನ್ನ ಕೆಲಸಾ ಬ್ಯಾರೆಯವ್ರು ಯಾಕ ಮಾಡ್ತಾರ?"

"ಹಾಂಗಾ..." ಎಂದ ಬರ್ನಾರ್ಡ್. ಎಂದವನು ಮೊಬೈಲು ತೆಗೆದು ಎರಡು ಪಂಪುಗಳ ಹತ್ತಿರ ಬಗ್ಗಿ, ಅದನ್ನೊಮ್ಮೆ ಗೆರೆಯನ್ನೊಮ್ಮೆ ನೋಡಿ, ಕಾರು ಹತ್ತಿದ.

ಆ "ಹಾಂಗಾ" ಬಸವಂತನಿಗೆ ಹಿಡಿಸಲಿಲ್ಲ. ಇನ್ನೊಬ್ಬರ ದೇಶ, ಇನ್ನೊಬ್ಬರ ಧರ್ಮ. ಕಂಪನಿಯ ಯಂತ್ರಕ್ಕೆ ದೇವರ ಗುರುತು ಹಚ್ಚಿದ್ದಾನೆ ಎಂದು ಒಂದು ಚೀಟಿ ಬರೆದು ಹಾಕಿದರೆ ಸಾಕಲ್ಲ? ಅದರ ಮೇಲೆ ಅವನ ಇಕಾಮಾ, ಈ ದೇಶದಲ್ಲಿರಲು ಬೇಕಾದ ಪರವಾನಗಿ, ಇದೇ ಇಪ್ಪತ್ತೆಂಟಕ್ಕೆ ಮುಗಿಯುತ್ತಿತ್ತು. ನವೀಕರಣದ ಕಡತ ಬರ್ನಾರ್ಡನ ಮೇಜಿನ ಮೇಲೆ ಇನ್ನೂ ಕೂತಿತ್ತು. ಹೆಂಡತಿ ಮಗಳ ಇಕಾಮಾ ಅವನ ಇಕಾಮಾದ ಬಾಲ ಹಿಡಿದುಕೊಂಡೇ ಬರುವಂಥದ್ದು. ಮಗಳು ಸೀಮಾಗೆ ಹತ್ತನೆಯ ತರಗತಿಯ ಪರೀಕ್ಷೆ, ಐದು ಪೇಪರು. ಕೊನೆಯ ಪೇಪರು ಮಾರ್ಚ್ ಹತ್ತಕ್ಕೆ. ನಡುವೆ ಏನಾದರೂ ಎಡವಟ್ಟಾದರೆ ಹುಡುಗಿ ಅರ್ಧ ಪರೀಕ್ಷೆ ಬರೆದು ವಿಮಾನ ಹತ್ತಬೇಕು, ಒಂದು ವರ್ಷ ಮಣ್ಣು.

ಬರ್ನಾರ್ಡನೇ ಆಟ ಆಡುತ್ತಿದ್ದಾನೆ ಎಂದು ಬಸವಂತ ತೀರ್ಮಾನ ಮಾಡಿದ. ಹಾಳೆ ಅವನೇ ತಂದ, ಕಡತ ಅವನೇ ಹಿಡಿದ, ಗೆರೆ ಅವನೇ ನೋಡಿದ. ನವೆಂಬರಿನಲ್ಲಿ ಸೈಟಿಗೆ ಕ್ಯಾಮೆರಾ ಹಿಡಿದು ಬಂದು ಪಂಪುಗಳ ಫೋಟೊ ತೆಗೆದವನೂ ಅವನೇ.

ಹೇಳಿಕೊಳ್ಳಲು ಬಸವಂತನಿಗೆ ಇದ್ದವನು ಒಬ್ಬನೇ, ವಿವೇಕ. ಕಂಪನಿಯ ಎಂಜಿನಿಯರು, ಸೈಟುಗಳ ಮೇಲಿನ ಸಾಹೇಬ. ಸಾಹೇಬನಾದರೂ ಊರಿನಲ್ಲಿ ಎರಡೂ ಮನೆಗೆ ಒಂದೇ ಗೋಡೆ. ವಿವೇಕನ ತಾಯಿ ಪಾರ್ವತೆವ್ವ ಮಗ ರಜೆ ಮುಗಿಸಿ ಬರುವಾಗಲೆಲ್ಲ ಕಡಕ್ ರೊಟ್ಟಿಯ ಎರಡು ಕಟ್ಟು ಕಟ್ಟುತ್ತಿದ್ದಳು, ಒಂದು ಮಗನಿಗೆ, ಇನ್ನೊಂದು ಬಸವಂತನ ಮನೆಗೆ. ಶುಕ್ರವಾರ ವಿವೇಕ ಉಣ್ಣಲು ಬಂದರೆ ಸೀಮಾಳ ಗಣಿತದ ಪುಸ್ತಕ ತೆರೆಸಿ ಕೂಡುತ್ತಿದ್ದ.

ಆ ಶುಕ್ರವಾರವೂ ಬಂದ. ಬಸವಂತ ಎಲ್ಲ ಹೇಳಿದ.

"ಅಯ್ಯ, ಅಷ್ಟ ಏನು ಬಸಣ್ಣ?" ವಿವೇಕ ರೊಟ್ಟಿ ಮುರಿಯುತ್ತ ನಕ್ಕ. "ಒಂಬತ್ತು ಪಂಪ್ ಹೊರಗಿನವ್ರ ಕಡಿಂದ ಬಾಡಿಗಿಗೆ ತಗೊಂಡಿದ್ವಿ. ಸೀದಾ ಸೈಟಿಗೆ ಬಂದ್ವು, ಸೀದಾ ತಿರುಗಿ ಹೋದ್ವು. ನಮ್ಮ ಅಂಗಳಾ ನೋಡ್ಲೇ ಇಲ್ಲ, ನಿನಗ ಹ್ಯಾಂಗ ಗೊತ್ತಾಗಬೇಕು? ನಾ ಕಣ್ಣಾರೆ ನೋಡೀನಿ. ಹಾಕು ಸೈನ್."

"ಹಂಗಂದ್ರ ಸರಿ. ನೀ ನೋಡೀದಿ ಅಂದ್ರ ಸರಿ." ಬಸವಂತನ ಎದೆಯ ಭಾರ ಇಳಿಯಿತು. "ಆದ್ರ ಆ ಬರ್ನಾರ್ಡ್ ನನ್ನ ವಿಭೂತಿ ಬಗ್ಗೆ ಎದಕ ಕೇಳ್ಯಾನ?"

ವಿವೇಕನ ಕೈ ತಾಟಿನಲ್ಲೇ ನಿಂತಿತು. "ಏನ್ ಕೇಳಿದ?"

"ಎಲ್ಲಾಕೂ ನೀನ ಹಚ್ಚತೀಯೇನ ಅಂತ. ಬ್ಯಾರೆ ಯಾರೂ ಇಲ್ಲೇನ ಅಂತ. ಬಗ್ಗಿ ಬಗ್ಗಿ ನೋಡಿದ."

ವಿವೇಕ ನೀರು ಕುಡಿದ. ಎರಡನೆಯ ಲೋಟವನ್ನೂ ಕುಡಿದ. "ಬಸಣ್ಣ, ಒಂದು ಮಾತು ಕೇಳು. ಆ ಗೆರಿ ಎಲ್ಲಾ ಅಳಿಸಿಬಿಡು. ಥಿನ್ನರ್ ಹಚ್ಚಿ ಒರಸು. ತಪಾಸಣಿಯವ್ರು ಬರ್ತಾರ, ದೇವರ ಗುರುತು ಅಂತ ಗೊತ್ತಾತಂದ್ರ ನಿನಗ ತ್ರಾಸ. ಈ ಮಂದಿ ಎಂಥವ್ರು ಅಂತ ನಿನಗ ಗೊತ್ತೈತಲ್ಲ."

ಅವನು ಹೋದ ಮೇಲೆ ಸ್ವಪ್ನಾ ತಾಟು ಎತ್ತುತ್ತ ಹೇಳಿದಳು: "ಇವತ್ತ ಗಣಿತ ಹೇಳಿಕೊಡ್ಲೇ ಇಲ್ಲ ನೋಡ್ರಿ."

"ಟೈಮ್ ಇರ್ಲಿಲ್ಲೇನೋ."

"ಟೈಮ್ ಇತ್ತು. ಮನಸ್ಸು ಇರ್ಲಿಲ್ಲ." ಆಕೆ ತಾಟು ಇಟ್ಟು ಬಂದು ಎದುರಿಗೆ ಕೂತಳು. "ಹದಿನೈದಕ್ಕ ಸೈನ್ ಹಾಕ್ರಿ. ಒಂಬತ್ತು ಚೀಲದಾಗ ಇರ್ಲಿ. ಗುರುವಾರ ಇನ್ನೂ ದೂರ ಐತಿ."

"ವಿವೇಕನ ಮ್ಯಾಲೇ ಸಂಶೇನ ನಿಂಗ? ಪಾರ್ವತೆವ್ವನ ಮಗಾ ಅವ."

"ನನಗ ಯಾರ ಮ್ಯಾಲೂ ಸಂಶೇ ಇಲ್ಲ. ಕಾಣಲಾರದ ಪಂಪಿನ ಮ್ಯಾಲ ಸಂಶೇ."

ಒಳಗಿನ ಕೋಣೆಯಿಂದ ಸೀಮಾ ಕೂಗಿದಳು: "ಅಪ್ಪಾ, ಪ್ಲೀಸ್! ಐ ಆಮ್ ಸ್ಟಡಿಯಿಂಗ್!" ಗಂಡ ಹೆಂಡತಿ ದನಿ ತಗ್ಗಿಸಿದರು.

ಹದಿನೈದಕ್ಕೆ ಸಹಿ ಹಾಕಿ ಬಸವಂತ ಬರ್ನಾರ್ಡನಿಗೆ ಕಳಿಸಿದ. ಒಂಬತ್ತು ಹಾಳೆ ಚೀಲದಲ್ಲಿ ಉಳಿದವು.

ಬುಧವಾರ ಬೆಳಿಗ್ಗೆ ಅಂಗಳದಲ್ಲಿ ಥಿನ್ನರಿನ ಡಬ್ಬಿ, ಹಳೇ ಬನಿಯನ್ ಚೂರು ಹಿಡಿದು ಅವನು ಮೊದಲನೇ ಪಂಪಿನ ಮುಂದೆ ಕೂತ. ಹಚ್ಚುವಾಗ ಮಂತ್ರ ಹೇಳುತ್ತಿದ್ದವನು ಅಳಿಸುವಾಗ ಏನು ಹೇಳಬೇಕು? ಮನಸ್ಸಿನಲ್ಲೇ ತಪ್ಪಾಯಿತು ಎಂದುಕೊಂಡು ಒರೆಸಿದ. ಎರಡು, ಮೂರು, ನಾಲ್ಕು ಒರೆಸಿದ. ಐದನೆಯದರ ಗೆರೆ ನೋಡಿ ಕೈ ನಿಂತಿತು. ನಡುವಿನ ಗೆರೆಯಿಂದ ಒಂದು ಹನಿ ಇಳಿದು ಕೆಳಗಿನ ಗೆರೆಯನ್ನು ದಾಟಿ ಬಾಲದ ಹಾಗೆ ಒಣಗಿತ್ತು. ಆ ದಿನ ಬೆರಳು ಎಳೆಯುತ್ತಿರುವಾಗಲೇ ಸೀಮಾ ಫೋನು ಮಾಡಿದ್ದಳು, ಶಾಲೆಯ ಬಸ್ಸು ನೀರಿನಲ್ಲಿ ನಿಂತಿದೆ ಎಂದು. ಅದು ನೆನಪಾಗಿ ಅವನು ಹಾಗೇ ಕೂತುಬಿಟ್ಟ.

ಬೆನ್ನ ಹಿಂದೆ ಕಾರಿನ ಬಾಗಿಲು ಬಡಿದ ಸದ್ದಾಯಿತು. ಗುರುವಾರ ಬರುತ್ತೇವೆ ಎಂದಿದ್ದ ತಪಾಸಣೆಯವರು ಒಂದು ದಿನ ಮೊದಲೇ ಬಂದಿದ್ದರು.

ಬಂದವಳು ಬದ್ರಿಯಾ ಎಂಬ ಕುವೈತಿ ಹೆಂಗಸು. ಕರಿ ನಿಲುವಂಗಿ, ಕಾಲಿಗೆ ಕಬ್ಬಿಣದ ಮೂತಿಯ ಕೆಲಸದ ಬೂಟು. ಜೊತೆಗೆ ದುಭಾಷಿಯಾಗಿ ಮೋಟು ಗಡ್ಡದ ಒಬ್ಬ ಮುದುಕ. ಹೆಸರು ನಿಸಾರ್, ಮಾತು ಹಿಂದಿ. ಹಿಂದೆಯೇ ಇನ್ನೊಂದು ಕಾರಿನಲ್ಲಿ ವಿವೇಕ, ಬರ್ನಾರ್ಡ್. ವಿವೇಕನ ಹಣೆಯ ಮೇಲೆ ಫೆಬ್ರವರಿಯ ಚಳಿಯಲ್ಲೂ ಬೆವರಿತ್ತು.

ಬದ್ರಿಯಾ ಸಲಾಮು ಮುಗಿಸಿ ಮೊದಲು ನೋಡಿದ್ದು ಬಸವಂತನ ಕೈಯ ಚಿಂದಿ. ಆಮೇಲೆ ಒರೆಸಿದ ನಾಲ್ಕು ಪಂಪು. ಒರೆಸಿದ ಜಾಗ ಇನ್ನೂ ಹಸಿಯಾಗಿ ಹೊಳೆಯುತ್ತಿತ್ತು.

ಅವಳು ಅರಬಿಯಲ್ಲಿ ಕೇಳಿದಳು, ನಿಸಾರ್ ಹಿಂದಿಯಲ್ಲಿ ಹೇಳಿದ: ಇದು ಏನು ಗುರುತು?

ಬಸವಂತ ತನಗೆ ಬರುವ ಮುರುಕು ಹಿಂದಿಯಲ್ಲಿ ಹೇಳಿದ. ದೇವರದು, ಯಂತ್ರ ಕೆಡದಿರಲಿ, ಹತ್ತಿರ ನಿಂತವನ ಕೈಕಾಲು ಉಳಿಯಲಿ ಎಂದು ಹಚ್ಚುವುದು. ನಿಸಾರ್ ಅದನ್ನು ಅರಬಿಗೆ ದಾಟಿಸುವಾಗ "ಬರಕತ್", ದೇವರ ಆಶೀರ್ವಾದ, ಎಂಬ ಮಾತು ಬಸವಂತನ ಕಿವಿಗೆ ಬಿತ್ತು. ಹೆಂಗಸು ತಲೆಯಾಡಿಸಿದಳು. ಸಿಟ್ಟೇನೂ ಕಾಣಲಿಲ್ಲ. ದೃಷ್ಟಿಯಾಗದಿರಲೆಂದು ತನ್ನ ಕಾರಿನ ಕನ್ನಡಿಗೆ ನೇತುಹಾಕಿದ ನೀಲಿ ಮಣಿ ತೋರಿಸಿ ಏನೋ ಹೇಳಿ ನಕ್ಕಳು. ಬಸವಂತ ಉಸಿರು ಬಿಡುವುದರೊಳಗೆ ನಗು ಹೋಗಿತ್ತು.

"ಬರಕತ್ತಿನದಾದರೆ ಅಳಿಸುವುದೇಕೆ ಅಂತ ಕೇಳ್ತಾರೆ," ಎಂದ ನಿಸಾರ್ ಹಿಂದಿಯಲ್ಲಿ.

ಬಸವಂತ ಚಿಂದಿಯನ್ನು ಬೆನ್ನ ಹಿಂದೆ ಸರಿಸಿದ.

ಅವಳು ಖಾಲಿ ಡ್ರಮ್ಮೊಂದನ್ನು ಬೋರಲು ಹಾಕಿಸಿ ಅದರ ಮೇಲೆ ಫೋಟೊಗಳನ್ನು ಹರವಿದಳು. ಬಿಲ್ಲಿನ ಜೊತೆ ಕಂಪನಿ ಕೊಟ್ಟ ಇಪ್ಪತ್ನಾಲ್ಕು ಫೋಟೊ. ಪ್ರತಿಯೊಂದರಲ್ಲೂ ನೀರಿನ ಪಕ್ಕ ಒಂದು ಪಂಪು, ಅದರ ಮೇಲೆ ಒಂದು ನಂಬರ್ ತಗಡು, ತಗಡಿನ ಮೇಲೆ ಮೂರು ಬಿಳಿ ಗೆರೆ. ಕೆಳಗಿನದು ಗಿಡ್ಡ.

"ಈ ಗೆರೆಗಳ ಮೇಲೇ ನಮಗೆ ಮೊದಲಿಂದ ಅನುಮಾನ," ನಿಸಾರ್ ಅವಳ ಮಾತನ್ನು ನಿಧಾನವಾಗಿ ಒಪ್ಪಿಸಿದ. "ಯಾವುದೋ ಗುಪ್ತ ಲೆಕ್ಕ ಇರಬೇಕು ಅಂದುಕೊಂಡಿದ್ದೆವು. ಈಗ ಕೇಳುವುದು ಇಷ್ಟು. ಹದಿನಾರರಿಂದ ಇಪ್ಪತ್ನಾಲ್ಕು, ಒಂಬತ್ತು ಪಂಪು ಹೊರಗಿನಿಂದ ಬಾಡಿಗೆಗೆ ತಂದದ್ದು, ಈ ಅಂಗಳಕ್ಕೆ ಬರಲೇ ಇಲ್ಲ ಅಂತ ಕಂಪನಿ ಬರೆದುಕೊಟ್ಟಿದೆ. ಬಾರದ ಪಂಪಿನ ಮೇಲೆ ನಿಮ್ಮ ಬೆರಳು ಹೇಗೆ ಬಂತು?"

ಬಸವಂತ ಬಗ್ಗಿದ. ಹದಿನಾರನೆಯ ಫೋಟೊ. ನಡುವಿನ ಗೆರೆಯಿಂದ ಬಾಲ ಇಳಿದಿತ್ತು. ಇಪ್ಪತ್ತನೆಯದರಲ್ಲೂ ಅದೇ ಬಾಲ. ಐದನೆಯದರಲ್ಲಂತೂ ಇದ್ದೇ ಇತ್ತು. ಏಳನೆಯ ಪಂಪಿನಲ್ಲಿ ಬೆರಳು ಬೋಲ್ಟಿಗೆ ತಾಗಿ ಗೆರೆ ಒಡೆದಿತ್ತು. ಆ ಒಡಕು ಹದಿನೆಂಟರಲ್ಲೂ ಇತ್ತು. ನಂಬರ್ ತಗಡು ಬೇರೆ, ಪಂಪು ಅದೇ. ತಾನು ಹದಿನೈದು ಪಂಪುಗಳ ಹಣೆಗೆ ಹಚ್ಚಿದ್ದನ್ನು ಯಾರೋ ಇಪ್ಪತ್ನಾಲ್ಕು ಹಣೆ ಮಾಡಿ ತೋರಿಸಿದ್ದರು.

ಅವನಿಗೆ ಎಲ್ಲ ಒಮ್ಮೆಗೇ ತಿಳಿಯಿತು. ತಿಳಿದ ಕೂಡಲೇ ಇನ್ನೊಂದೂ ತಿಳಿಯಿತು: ಈ ಹೆಂಗಸಿನ ಕಣ್ಣಿಗೆ ಕಳ್ಳ ತಾನೇ. ಗುರುತು ತನ್ನದು, ಬೆರಳು ತನ್ನದು, ಬಂದಾಗ ಥಿನ್ನರ್ ಹಿಡಿದು ಅಳಿಸುತ್ತ ಕೂತವನೂ ತಾನು.

ಅವಳು ಒಂದು ತಗಡಿನ ಚೂರು ಮುಂದೆ ಹಿಡಿದಳು. ಹಚ್ಚಿ ತೋರಿಸು ಎಂದಳು. ಬಸವಂತ ಪೇಂಟಿನ ಡಬ್ಬಿ ತಂದು, ಮೂರು ಬೆರಳು ಅದ್ದಿ ಎಳೆದ. ಕೆಳಗಿನ ಗೆರೆ ಗಿಡ್ಡ ಬಂತು. ಅವಳು ಅವನ ಮೊಂಡು ಬೆರಳನ್ನು ನೋಡಿದಳು, ಫೋಟೊ ನೋಡಿದಳು, ಮತ್ತೆ ಬೆರಳು ನೋಡಿದಳು.

"ಅಳಿಸಲು ಯಾರು ಹೇಳಿದರು?"

ಬಸವಂತ ತಲೆ ಎತ್ತಿದ. ಬರ್ನಾರ್ಡ್ ತನ್ನ ಬೂಟಿನ ತುದಿ ನೋಡುತ್ತಿದ್ದ. ವಿವೇಕ ನಗುಮುಖ ಮಾಡಿಕೊಂಡು, ಯಾವುದೋ ಸಣ್ಣ ವಿಷಯ ನೆನಪಿಸುವವನ ಹಾಗೆ ಕನ್ನಡದಲ್ಲಿ ಸರಸರ ಹೇಳಿದ: "ಬಸಣ್ಣ, ವಿಚಾರ ಮಾಡಿ ಬಾಯಿ ಬಿಡು. ನಾನ ಹಚ್ಚಿದೆ, ನಾನ ಅಳಿಸಿದೆ ಅನ್ನು, ಉಳಿದದ್ದು ನಾ ನೋಡ್ಕೋತೀನಿ. ನಿನ್ನ ಇಕಾಮಾ ಇನ್ನೂ ನನ್ನ ಕೈಯಾಗ ಐತಿ. ಸೀಮಾಂದು ಪರೀಕ್ಷಾ ಐತಿ. ನೆನಪಿರ್ಲಿ."

ಬಸವಂತ ಬರ್ನಾರ್ಡನ ಕಡೆ ನೋಡಿದ. ಇಕಾಮಾ ಬರ್ನಾರ್ಡನ ಕೈಯಲ್ಲಿದೆ ಎಂದು ಅಲ್ಲವೇ ಇಷ್ಟು ದಿನ ಅಂದುಕೊಂಡಿದ್ದು?

ಅವನು ಬಾಯಿ ತೆರೆಯುವ ಮೊದಲೇ ದುಭಾಷಿ ಮುದುಕ ಬದ್ರಿಯಾಳ ಕಡೆ ತಿರುಗಿ ಅರಬಿಯಲ್ಲಿ ಮಾತಾಡತೊಡಗಿದ. ಸಾಕಷ್ಟು ಹೊತ್ತು ಮಾತಾಡಿದ. ಮಾತಿನ ನಡುವೆ ಎರಡು ಸಲ "ಇಕಾಮಾ" ಎಂದ, ಒಂದು ಸಲ "ಸೀಮಾ" ಎಂದ. ಹೆಂಗಸಿನ ಮುಖ ನಿಧಾನವಾಗಿ ವಿವೇಕನ ಕಡೆ ತಿರುಗಿತು.

ನಿಸಾರ್ ಗಡ್ಡ ನೀವಿಕೊಂಡು ವಿವೇಕನಿಗೆ ಅಚ್ಚ ಕನ್ನಡದಲ್ಲಿ ಹೇಳಿದ: "ನಾನು ಪುತ್ತೂರಿನ ಬ್ಯಾರಿ ಸಾರ್. ನಿಮ್ಮ ಕಡೆ ಭಾಷೆ ಸ್ವಲ್ಪ ಸ್ಪೀಡು, ಆದ್ರೂ ಅರ್ಥ ಆಗ್ತದೆ. ಇಲ್ಲಿ ಯಾರು ಎಂತ ಮಾತಾಡಿದ್ರೂ ಮದಾಮಿಗೆ ಹೇಳ್ಬೇಕು. ನನ್ನ ಸಂಬಳ ಅದಕ್ಕೇ ಅಲ್ವಾ?"

"ಹಿಂದೀವ ಅಂದ್ಕೊಂಡಿದ್ದೆ..." ವಿವೇಕನ ಬಾಯಿಂದ ಅಷ್ಟೇ ಹೊರಟಿತು.

"ಕನ್ನಡ ಬರ್ತದಾ ಅಂತ ಯಾರೂ ಕೇಳ್ಲಿಲ್ಲ." ಮುದುಕ ಬಸವಂತನ ಕಡೆ ನೋಡಿದ. "ಹೆದರ್ಬೇಡಿ ಭಾಯಿ. ಆದ್ರೆ ಸುಳ್ಳೂ ಹೇಳ್ಬೇಡಿ. ಹೇಳಿದ್ರೆ ಅದನ್ನೂ ಹಾಗೆಯೇ ದಾಟಿಸ್ತೇನೆ."

ಬಸವಂತ ಚಿಂದಿಗೆ ಕೈ ಒರೆಸಿಕೊಂಡ. ಪೇಂಟು ಹೋಗಲಿಲ್ಲ. ಹಾಗೆಯೇ ಚೀಲಕ್ಕೆ ಕೈ ಹಾಕಿ ಸಹಿಯಿಲ್ಲದ ಒಂಬತ್ತು ಹಾಳೆ ತೆಗೆದು ಡ್ರಮ್ಮಿನ ಮೇಲಿಟ್ಟ. ಹಾಳೆಗಳ ಅಂಚಿಗೆ ಬಿಳಿ ಬೆರಳು ಮೂಡಿತು.

"ಹದಿನೈದು ಪಂಪ್ ನನ್ನ ಕೈಯಾಗಿಂದ ಹೋಗ್ಯಾವ. ಹದಿನಾರನೇದು ಇಲ್ಲ. ಇವಕ್ಕ ನಾ ಸೈನ್ ಹಾಕಿಲ್ಲ, ಹಾಕಂಗೂ ಇಲ್ಲ. ಈ ಬಾಲ ಐತಲ್ರಿ, ಇದು ಐದನೇ ಪಂಪ್. ಅದರ ತಗಡು ಬದಲಿ ಮಾಡಿ ಮೂರು ಸಲ ಫೋಟೊ ಹಿಡದಾರ. ಅಳಿಸು ಅಂದವ್ರು..."  ಊರಿನ ಮನೆಯ ಗೋಡೆಯ ಆಚೆಯಿಂದ ರೊಟ್ಟಿ ಬಡಿಯುವ ಸದ್ದು ಕೇಳಿಸಿದ ಹಾಗಾಯಿತು. "ಅಳಿಸು ಅಂದವ್ರು ವಿವೇಕ ಸಾಹೇಬ್ರು."

ನಿಸಾರ್ ಒಂದೊಂದು ಮಾತನ್ನೂ ದಾಟಿಸಿದ. ಬದ್ರಿಯಾ ಬರೆದುಕೊಂಡಳು. ಆಮೇಲೆ ಅಂಗಳದಲ್ಲಿ ಉಳಿದ ಹನ್ನೊಂದು ಪಂಪುಗಳ ಗೆರೆಗಳನ್ನೂ ಒರೆಸಿದ ನಾಲ್ಕು ಜಾಗಗಳನ್ನೂ ತಾನೇ ಫೋಟೊ ತೆಗೆದುಕೊಂಡು, ಪೇಂಟು ಹಚ್ಚಿದ ತಗಡನ್ನು ಒಣಗುವವರೆಗೆ ಕಾದು, ಕಾರಿನಲ್ಲಿ ಇಟ್ಟುಕೊಂಡು ಹೋದಳು. ವಿವೇಕನನ್ನೂ ಆಫೀಸಿಗೆ ಬರಹೇಳಿದಳು. ಅವನು ಹೋಗುವಾಗ ಬಸವಂತನ ಕಡೆ ನೋಡಲಿಲ್ಲ.

ಸಂಜೆ ಬರ್ನಾರ್ಡ್ ತನ್ನ ಹಳೇ ಕಾರಿನಲ್ಲಿ ಬಸವಂತನನ್ನು ಫರ್ವಾನಿಯಾಗೆ ಬಿಟ್ಟ. 

"ನಾ ನಿಮ್ಮ ಮ್ಯಾಲೇ ಸಂಶೇ ಪಟ್ಟಿದ್ದೆ ಭಾಯಿ," ಎಂದ ಬಸವಂತ.

"ನಾನು ನಿಮ್ಮ ಮೇಲೆ ಪಟ್ಟಿದ್ದೆ." ಬರ್ನಾರ್ಡ್ ರಸ್ತೆಯ ಮೇಲಿನ ಕಣ್ಣು ತೆಗೆಯಲಿಲ್ಲ. "ನೀವೂ ವಿವೇಕರೂ ಒಂದೇ ಊರು. ಶುಕ್ರವಾರ ಒಟ್ಟಿಗೆ ಊಟ. ಗೆರೆ ನಿಮ್ಮದು. ನಾನು ಎಂತ ತಿಳಿಯಬೇಕು? ನವೆಂಬರಿನಲ್ಲಿ ನನಗೆ ಫೋಟೊ ತೆಗೀಲಿಕ್ಕೆ ಹೇಳಿದ್ದು ಅವರು. ಒಂದೇ ಪಂಪಿನದ್ದು ಎರಡು ಸಲ ತೆಗೆದ ಹಾಗೆ ನಂಗೆ ಆವಾಗಲೇ ಕಂಡಿತ್ತು. ಮಳೆ, ಕೆಸರು, ಬಾಯಿಬಿಡ್ಲಿಲ್ಲ. ಮೊನ್ನೆ ನಿಮ್ಮತ್ರ ಕೇಳಿದ್ಮೇಲೆ ಖಾತ್ರಿ ಆಯ್ತು. ಅದಕ್ಕೂ ಮೊದಲು, ಬಿಲ್ಲಿನ ಜೊತೆ ಕೊಡುವಾಗ, ಫೋಟೊದಲ್ಲಿ ನಂಬರ್ ತಗಡು ಮಾತ್ರ ಕಾಣ್ಬೇಕು, ಸುತ್ತ ಇದ್ದದ್ದು ಕತ್ತರಿಸಿ ಅಂತ ಹೇಳಿದ್ರು. ನಾನು ಕತ್ತರಿಸ್ಲಿಲ್ಲ. ಪೂರ್ತಿ ಕೊಟ್ಟೆ."

"ಬೇಕಂತ?"

"ಬೇಕಂತಲೇ. ಕೇಳಿದ್ರೆ ಕಂಪ್ಯೂಟರ್ ಬರೂದಿಲ್ಲ ಅಂತ ಹೇಳುವಾ ಅಂತ ಇದ್ದೆ. ಈ ವಯಸ್ಸಿಗೆ ಯಾರಾದ್ರೂ ನಂಬ್ತಾರೆ." ಅವನು ಸಣ್ಣಗೆ ನಕ್ಕ. ಆಮೇಲೆ ಬೇರೆ ದನಿಯಲ್ಲಿ ಹೇಳಿದ: "ಆದ್ರೆ ನಿಮ್ಮ ಇಕಾಮಾದ ಕಡತ. ಹಾಳೆಗೆ ಸೈನ್ ಆಗುವವರೆಗೆ ಇಟ್ಕೊಳ್ಳಿ ಅಂತ ಹೇಳಿದ್ರು. ಇಟ್ಕೊಂಡೆ. ಅದು ನನ್ನ ತಪ್ಪು. ನಂಗೂ ಹೆದರಿಕೆ ಇತ್ತು ಮಾರಾಯ್ರೆ. ಇನ್ನು ಒಂದು ವರ್ಷ ಕಳೆದ್ರೆ ಹೆಂಡತಿ ಆಲಿವಳನ್ನು ಕರ್ಕೊಂಡು ಊರಿಗೆ ಹೋಗ್ಲಿಕ್ಕೆ ಇದ್ದೆ."

 ಇಳಿಯುವಾಗ ಬಸವಂತ ಬಾಗಿಲು ಹಿಡಿದು ನಿಂತು, "ಮ್ಯಾಲೆ ಬರ್ರಿ, ಚಾ ಕುಡದು ಹೋಗ್ರಿ" ಎಂದ. ಬರ್ನಾರ್ಡ್ ಬಂದ. ಸ್ವಪ್ನಾ ಚಹಾ ಕೊಟ್ಟಳು. ಹಾಳೆಗಳ ಕತೆ ಕೇಳಿ ಗಂಡನ ಕಡೆ ಒಂದು ಸಲ ನೋಡಿದಳು ಅಷ್ಟೇ. ನಾ ಹೇಳಿರಲಿಲ್ಲವೇ ಎಂದು ಆಕೆ ಅನ್ನಲಿಲ್ಲ. ಅನ್ನದೇ ಇದ್ದದ್ದು ಬಸವಂತನಿಗೆ ಹೆಚ್ಚು ನಾಟಿತು.

ಮುಂದಿನದು ಕಾಗದದ ಕೆಲಸ. ಕಂಪನಿಯ ಕಡತಕ್ಕೆ ತಡೆ ಬಿತ್ತು, ಯಾರ ಇಕಾಮಾವೂ ಅಲ್ಲಿ ಮುಂದುವರಿಯುವ ಹಾಗಿರಲಿಲ್ಲ. ತಪಾಸಣೆಯ ಆಫೀಸಿನಿಂದ ಒಂದು ಚೀಟಿ ಸಿಕ್ಕಿತು, ಈತ ಸಾಕ್ಷಿ, ಬೇರೆ ಕಂಪನಿಗೆ ಹೋಗಲು ಬಿಡಿ ಎಂದು. ಆ ಚೀಟಿ ಹಿಡಿದು ಬರ್ನಾರ್ಡ್ ಮೂರು ಆಫೀಸು ತಿರುಗಿದ. ಹೊಸ ಇಕಾಮಾ ಆದದ್ದು ಮಾರ್ಚ್ ಆರಕ್ಕೆ. ಆ ಆರು ದಿನ ಸೀಮಾ ಬೆಳಿಗ್ಗೆ ಎದ್ದು ಕೇಳುತ್ತಿದ್ದಳು: "ಅಪ್ಪಾ, ಆರ್ ವಿ ಲೀಗಲ್ ಟುಡೇ?" ಬಸವಂತ "ಇಂಗ್ಲಿಷ್ ನನಗ ತಿಳಿಯೂದಿಲ್ಲ, ನೀ ಓದು" ಎನ್ನುತ್ತಿದ್ದ. ತಿಳಿಯುತ್ತಿತ್ತು.

ಕೊನೆಗೆ ಲೆಕ್ಕ ಹೀಗೆ ನಿಂತಿತು. ಸರ್ಕಾರ ಹದಿನೈದು ಪಂಪಿಗೆ ಇಪ್ಪತ್ತೈದು ಸಾವಿರದ ಆರುನೂರ ಐವತ್ತು ದಿನಾರ್ ಕೊಟ್ಟಿತು. ಹದಿನೈದು ಸಾವಿರದ ಮುನ್ನೂರ ತೊಂಬತ್ತು ಕೊಡಲಿಲ್ಲ. ಅವಧಿ ಮೀರಿದ ಆರು ದಿನಕ್ಕೆ ಬಸವಂತನ ಮನೆಯ ಮೂವರಿಗೂ ಸೇರಿ ಮೂವತ್ತಾರು ದಿನಾರ್ ದಂಡ. ಹೊಸ ಕಂಪನಿಯಲ್ಲಿ ಸಂಬಳ ನಾನೂರು, ಮೊದಲಿಗಿಂತ ಅರವತ್ತು ಕಮ್ಮಿ. ಅಲ್ಲಿಯ ಯಂತ್ರಗಳಿಗೆ ಅವನು ಗೆರೆ ಹಚ್ಚುವ ಮೊದಲು ಸಾಹೇಬನನ್ನು ಕೇಳಿದ. ಸಾಹೇಬ ಹಚ್ಚಿಕೋ ಎಂದ. ವಿವೇಕನ ಮೇಲೆ ಮೊಕದ್ದಮೆ ನಡೆದಿದೆ, ದೇಶ ಬಿಡುವ ಹಾಗಿಲ್ಲ. ಊರಿನಲ್ಲಿ ಪಾರ್ವತೆವ್ವ ಬಸವಂತನ ಅಣ್ಣನ ಮನೆಗೆ ಹಾಲು ಕೊಡುವುದನ್ನು ಬಿಟ್ಟಿದ್ದಾಳೆ. ಆಕೆಯ ಮನೆಯಿಂದ ರೊಟ್ಟಿಯ ಕಟ್ಟು ಇನ್ನು ಬರುವುದಿಲ್ಲ.

ಸೀಮಾ ಐದೂ ಪೇಪರು ಬರೆದಳು.